ಗೇಮ್ ಶುರುವಾದ ಕೂಡಲೇ ಪರದೆ ಕಪ್ಪು, ಶಬ್ದ ಮಾತ್ರ ಬರುತ್ತದೆ. ಗ್ರಾಫಿಕ್ಸ್ ಕಾರ್ಡ್ ಹೋಗಿದೆ ಅಂತಾರೆ, ನಿಜವಾ?

ವಾಕಡ್_ವಾಸಿ
ಎಲ್ಲರಿಗೂ ನಮಸ್ಕಾರ. ಕೆಲಸದ ಕಾರಣಕ್ಕೆ ಡೊಂಬಿವಲಿಯಿಂದ ಪುಣೆಗೆ ಮನೆ ಬದಲಾಯಿಸಿದೆವು. ಪಿಸಿ ಸಾಮಾನಿನ ಲಾರಿಯಲ್ಲೇ ಬಂತು. ಇಲ್ಲಿ ಜೋಡಿಸಿದ ಮೇಲೆ ವಿಚಿತ್ರ ತೊಂದರೆ ಶುರುವಾಗಿದೆ. ಜಿಟಿಎ 5 ಓಪನ್ ಮಾಡಿದರೆ ಪರದೆ ಪೂರ್ತಿ ಕಪ್ಪು. ಆದರೆ ಹೆಡ್‌ಫೋನಿನಲ್ಲಿ ಮ್ಯೂಸಿಕ್, ಕಾರಿನ ಹಾರ್ನ್ ಎಲ್ಲ ಸರಿಯಾಗಿ ಕೇಳುತ್ತದೆ. ಆಲ್ಟ್ + ಟ್ಯಾಬ್ ಒತ್ತಿದರೆ ಸ್ವಲ್ಪ ಹೊತ್ತು ಬಿಟ್ಟು ಡೆಸ್ಕ್‌ಟಾಪ್ ವಾಪಸ್ ಬರುತ್ತದೆ. ಗೇಮ್‌ಗೆ ಮರಳಿದರೆ ಮತ್ತೆ ಕಪ್ಪು. ಇನ್ನೊಂದು ರೇಸಿಂಗ್ ಗೇಮ್‌ನಲ್ಲೂ ಇದೇ ಕಥೆ. ತಮ್ಮ ಆಡುವ ಮೈನ್‌ಕ್ರಾಫ್ಟ್ ಮಾತ್ರ ಸಲೀಸಾಗಿ ಓಡುತ್ತದೆ!

ಪಿಸಿ: ರೈಜನ್ 5 5600 ಪ್ರೊಸೆಸರ್, ಆರ್‌ಟಿಎಕ್ಸ್ 3060 ಟಿಐ ಗ್ರಾಫಿಕ್ಸ್ ಕಾರ್ಡ್, 16 ಜಿಬಿ ರ್‍ಯಾಮ್, 650 ವ್ಯಾಟ್ ಪವರ್ ಸಪ್ಲೈ, 27 ಇಂಚಿನ 1440ಪಿ 165 ಹರ್ಟ್ಸ್ ಮಾನಿಟರ್, ವಿಂಡೋಸ್ 11.

ಪಕ್ಕದ ಫ್ಲ್ಯಾಟಿನವರು ಹೇಳಿದ ಒಬ್ಬ ರಿಪೇರಿಯವನನ್ನು ಕರೆಸಿದೆ. ಬಂದ, ಕ್ಯಾಬಿನೆಟ್ ಬಾಗಿಲು ತೆಗೆದ, ಫ್ಯಾನ್ ನೋಡಿದ, ‘ಕಾರ್ಡ್ ಗೇಲಂ’ (ಕಾರ್ಡ್ ಹೋಯಿತು) ಅಂದ. ಮೊದಲು ಫಾರ್ಮ್ಯಾಟ್ ಹೊಡೆಯೋಣ, ಆಗಲೂ ಸರಿಹೋಗದಿದ್ದರೆ ಹಳೇ ಕಾರ್ಡ್ ತನಗೇ ಕೊಟ್ಟು ಹೊಸದು ತಗೊಳ್ಳಿ ಎಂದ. ನಂಗೆ ಯಾಕೋ ನಂಬಿಕೆ ಬರುತ್ತಿಲ್ಲ. ಏನ್ ಮಾಡಲಿ?

ಗುಂಡ್ಯಾ_ಪಿಂಪ್ರಿ
ಫಾರ್ಮ್ಯಾಟ್ ಹೊಡಿ ಮಾರಾಯ. ಅರ್ಧ ಕಾಯಿಲೆ ಅದರಲ್ಲೇ ಹೋಗುತ್ತದೆ.

ಎಫ್‌ಪಿಎಸ್_ಭಟ್ಟ
ನೆಗಡಿ ಬಂತು ಅಂತ ಮೂಗು ಕೊಯ್ದುಕೊಂಡ ಹಾಗಾಯಿತು ಇದು. ಫಾರ್ಮ್ಯಾಟ್ ಕಡೆಯ ಮಾತು, ಮೊದಲ ಮಾತಲ್ಲ.

ವಾಕಡ್ ಅವರೇ, ಕಪ್ಪು ಪರದೆ ಅಂದರೆ ಒಂದೇ ರೋಗ ಅಲ್ಲ. ಶಬ್ದ ಇದೆಯಾ, ಮೌಸ್ ಬಾಣ ಕಾಣುತ್ತದಾ, ಆಲ್ಟ್ + ಟ್ಯಾಬ್ ಕೆಲಸ ಮಾಡುತ್ತದಾ, ಪಿಸಿ ತಾನಾಗಿ ರೀಸ್ಟಾರ್ಟ್ ಆಗುತ್ತದಾ, ಇವನ್ನು ಮೊದಲು ನೋಡಬೇಕು. ನಿಮಗೆ ಶಬ್ದ ಇದೆ, ಡೆಸ್ಕ್‌ಟಾಪ್ ವಾಪಸ್ ಬರುತ್ತದೆ. ಅಂದರೆ ಗೇಮ್ ಸತ್ತಿಲ್ಲ, ಒಳಗೆ ಓಡುತ್ತಲೇ ಇದೆ. ಕಾರ್ಡ್ ನಿಜವಾಗಲೂ ಹೋಗಿದ್ದರೆ ಸಾಮಾನ್ಯವಾಗಿ ಡೆಸ್ಕ್‌ಟಾಪಿನಲ್ಲೇ ಬಣ್ಣದ ಗೆರೆ, ಚೌಕಗಳು ಕಾಣಿಸುತ್ತವೆ. ಇಲ್ಲವೇ ಗೇಮ್ ಪೂರ್ತಿ ಬಿದ್ದುಹೋಗುತ್ತದೆ.

ಎರಡು ಕೆಲಸ ಮಾಡಿ. ಕಪ್ಪಾಗಿರುವಾಗ ಆಲ್ಟ್ + ಎಂಟರ್ ಒತ್ತಿ. ಸುಮಾರು ಗೇಮ್‌ಗಳು ಅದರಿಂದ ಕಿಟಕಿಗೆ ಇಳಿಯುತ್ತವೆ. ಆಮೇಲೆ ಈವೆಂಟ್ ವ್ಯೂವರ್ (ವಿಂಡೋಸ್ ತೊಂದರೆಗಳನ್ನು ಬರೆದಿಡುವ ಪಟ್ಟಿ) ತೆಗೆದು, ಸಿಸ್ಟಮ್ ವಿಭಾಗದಲ್ಲಿ ಅದೇ ಸಮಯಕ್ಕೆ 4101 ನಂಬರಿನ ಎಚ್ಚರಿಕೆಯೋ ಎನ್‌ವಿಡಿಯಾ ಡ್ರೈವರಿನ ಎನ್‌ವಿಎಲ್‌ಡಿಡಿಎಂಕೆಎಂ ಹೆಸರೋ ಕಾಣುತ್ತದಾ ನೋಡಿ. ಡಿಸ್‌ಪ್ಲೇ ಡ್ರೈವರ್ ಉತ್ತರ ಕೊಡದೆ ಕುಸಿದು ಮತ್ತೆ ಎದ್ದರೆ ವಿಂಡೋಸ್ ಅಲ್ಲಿ ಬರೆದಿಡುತ್ತದೆ.

ಗುಂಡ್ಯಾ_ಪಿಂಪ್ರಿ
ಭಟ್ಟರು ಶುರುಮಾಡಿದರು ಪ್ರವಚನ 😄 ನಾನು ಹೋದ ವರ್ಷ ಫಾರ್ಮ್ಯಾಟ್ ಮಾಡಿಯೇ ಸರಿಮಾಡಿಕೊಂಡದ್ದು.

ಎಫ್‌ಪಿಎಸ್_ಭಟ್ಟ
ಯಾವುದರಿಂದ ಸರಿಹೋಯಿತು ಅಂತ ಗೊತ್ತಾ? ಗೊತ್ತಿಲ್ಲ ಅಲ್ವಾ. ಫಾರ್ಮ್ಯಾಟಿನ ತೊಂದರೆಯೇ ಅದು, ಹತ್ತು ವಿಷಯ ಒಟ್ಟಿಗೆ ಬದಲಾಗುತ್ತವೆ.

ಘಾಟಿ_ಇಳಿದವ
ಡೊಂಬಿವಲಿಯಿಂದ ಪುಣೆ ಅಂದರೆ ಲಾರಿ ಖಂಡಾಲಾ ಘಾಟ್ ಹತ್ತಿ ಬಂದಿರುತ್ತದೆ. 3060 ಟಿಐ ಭಾರದ ಕಾರ್ಡ್. ಕ್ಯಾಬಿನೆಟ್ ನಿಲ್ಲಿಸಿ ತಂದಿದ್ದರೆ ಕುಲುಕಿ ಕುಲುಕಿ ಸ್ಲಾಟಿನಿಂದ ಸ್ವಲ್ಪ ಎದ್ದಿರಬಹುದು. ಕಾರ್ಡ್ ತೆಗೆದು, ಚಿನ್ನದ ಬಣ್ಣದ ಹಲ್ಲುಗಳನ್ನು ಮೆತ್ತಗೆ ಒರೆಸಿ, ‘ಟಕ್’ ಅನ್ನುವವರೆಗೆ ಒತ್ತಿ ಕೂರಿಸಿ. 8 ಪಿನ್ನಿನ ಪವರ್ ವೈರನ್ನೂ ಬಿಚ್ಚಿ ಹಾಕಿ. ಮುಂದಿನ ಸಲ ಕ್ಯಾಬಿನೆಟ್ ಮಲಗಿಸಿ ತನ್ನಿ, ಮದರ್‌ಬೋರ್ಡ್ ಕೆಳಗೆ ಬರುವ ಹಾಗೆ.

ಮಾಟುಂಗಾ_ಮಾಣಿ
ಅಥವಾ ಕಾರ್ಡ್ ತೆಗೆದು ಸ್ವೆಟರಿನಲ್ಲಿ ಸುತ್ತಿ ತೊಡೆ ಮೇಲೆ ಇಟ್ಟುಕೊಂಡು ಬನ್ನಿ. ನಾನು ಡೆಕ್ಕನ್ ಕ್ವೀನಿನಲ್ಲಿ ಹಾಗೇ ತಂದದ್ದು. ಪಕ್ಕದ ಸೀಟಿನ ಅಜ್ಜಿ ಮಗು ಅಂದುಕೊಂಡು ಇಣುಕಿ ನೋಡಿದರು.

ಎಫ್‌ಪಿಎಸ್_ಭಟ್ಟ
ಉಣ್ಣೆಯಲ್ಲಿ ಸುತ್ತಬೇಡಿ ಸ್ವಾಮಿ! ಸ್ಟ್ಯಾಟಿಕ್ ಕರೆಂಟಿಗೆ ಅದಕ್ಕಿಂತ ಒಳ್ಳೇ ಮನೆ ಬೇಕಾ? ಆ್ಯಂಟಿಸ್ಟ್ಯಾಟಿಕ್ ಕವರ್ ಹಾಕಿ.

ಮಾಟುಂಗಾ_ಮಾಣಿ
ಕಾರ್ಡ್ ಈಗಲೂ ಓಡುತ್ತಿದೆ. ಹಾಗಾಗಿ ಗೆದ್ದವನು ನಾನೇ.

ವಾಕಡ್_ವಾಸಿ
ಕಾರ್ಡ್ ತೆಗೆದು ಹಾಕಿದೆ, ಏನೂ ಬದಲಾಗಲಿಲ್ಲ. ಈವೆಂಟ್ ವ್ಯೂವರಿನಲ್ಲಿ 4101 ಇಲ್ಲ, ಎನ್‌ವಿಎಲ್ ಗಿನ್‌ವಿಎಲ್ ಯಾವುದೂ ಇಲ್ಲ. ಆದರೆ ಭಟ್ಟರು ಹೇಳಿದ ಆಲ್ಟ್ + ಎಂಟರ್ ಒತ್ತಿದಾಗ ಜಿಟಿಎ ಸಣ್ಣ ಕಿಟಕಿಯಲ್ಲಿ ಕಾಣಿಸಿತು! ಕಿಟಕಿಯಲ್ಲಿ ಚೆನ್ನಾಗಿ ಓಡುತ್ತದೆ. ಮತ್ತೆ ಫುಲ್‌ಸ್ಕ್ರೀನ್ ಮಾಡಿದರೆ ಕಪ್ಪು. ಇದರ ಅರ್ಥ ಏನು?

ವಾಸ್ಕೋ_ಕಡಲು
ನನಗೂ ಹೀಗೇ ಆಗಿತ್ತು, ಲ್ಯಾಪ್‌ಟಾಪಿನಲ್ಲಿ. ಗೇಮ್ ಎನ್‌ವಿಡಿಯಾ ಚಿಪ್ ಬಿಟ್ಟು ಪ್ರೊಸೆಸರ್ ಒಳಗಿನ ಇಂಟೆಲ್ ಗ್ರಾಫಿಕ್ಸ್ ಹಿಡಿದುಕೊಂಡಿತ್ತು. ಸೆಟಿಂಗ್ಸ್, ಸಿಸ್ಟಮ್, ಡಿಸ್‌ಪ್ಲೇ, ಗ್ರಾಫಿಕ್ಸ್ ಅಂತ ಹೋಗಿ, ಗೇಮಿನ ಹೆಸರು ಆರಿಸಿ ‘ಹೈ ಪರ್ಫಾರ್ಮೆನ್ಸ್’ ಕೊಟ್ಟೆ. ಸರಿಹೋಯಿತು. ಅದನ್ನು ನೋಡಿ.

ಎಫ್‌ಪಿಎಸ್_ಭಟ್ಟ
ಲ್ಯಾಪ್‌ಟಾಪಿಗೆ ಈ ಸಲಹೆ ನೂರಕ್ಕೆ ನೂರು ಸರಿ. ಆದರೆ ಇವರ ರೈಜನ್ 5 5600ರಲ್ಲಿ ಒಳಗಿನ ಗ್ರಾಫಿಕ್ಸೇ ಇಲ್ಲ. ಹೆಸರಿನ ಕೊನೆಗೆ ಜಿ ಇರುವ 5600ಜಿಯಲ್ಲಿ ಇರುತ್ತದೆ. ತಪ್ಪಿ ಮದರ್‌ಬೋರ್ಡಿನ ಎಚ್‌ಡಿಎಂಐಗೆ ವೈರ್ ಹಾಕಿದ್ದರೂ ಡೆಸ್ಕ್‌ಟಾಪೇ ಬರುತ್ತಿರಲಿಲ್ಲ. ಹಾಗಾಗಿ ಆ ದಾರಿ ಬಂದ್.

ಗುರುವಾರದ_ಕತ್ತಲೆ
ಪುಣೆಯಲ್ಲಿ ಗುರುವಾರ ಬಂತು ಅಂದರೆ ರಿಪೇರಿ ಹೆಸರಿನಲ್ಲಿ ಕರೆಂಟ್ ತೆಗೆಯುತ್ತಾರೆ. ವೋಲ್ಟೇಜ್ ನೋಡಿಸಿ. ಯುಪಿಎಸ್ ಎಷ್ಟರದು? 600 ವಿಎ ಅಂದರೆ ಕೈಗೆ ಸಿಗುವುದು ಬರೀ 360 ವ್ಯಾಟ್ ಆಸುಪಾಸು. ಆ ಕಾರ್ಡ್ ಒಂದೇ 200 ವ್ಯಾಟ್ ಎಳೆಯುತ್ತದೆ. ಪ್ರೊಸೆಸರ್, ಮಾನಿಟರ್ ಸೇರಿದರೆ ಯುಪಿಎಸ್ ಅಳುತ್ತದೆ.

ಎಫ್‌ಪಿಎಸ್_ಭಟ್ಟ
ಲೆಕ್ಕ ಸರಿ, ಆದರೆ ಯುಪಿಎಸ್ ಸೋತರೆ ಇಡೀ ಪಿಸಿ ಧಡ್ ಅಂತ ಆರುತ್ತದೆ. ಪರದೆ ಮಾತ್ರ ಕಪ್ಪಾಗಿ ಹಾಡು ಕೇಳಿಸುವುದಿಲ್ಲ.

ಗುಂಡ್ಯಾ_ಪಿಂಪ್ರಿ
ಗುರುವಾರ ಕರೆಂಟ್ ಹೋದರೆ ನಮ್ಮ ಆಫೀಸಿನವರು ಮನೆಯಿಂದ ಕೆಲಸ ಅಂತ ಹೇಳಿ ಮಲಗುತ್ತಾರೆ. ಅದೊಂದೇ ಲಾಭ.

ಸುಮ್ನೆ_ಓದುವವಳು
ಮಧ್ಯೆ ಬಾಯಿ ಹಾಕುತ್ತಿದ್ದೇನೆ, ಕ್ಷಮಿಸಿ. ಕಪ್ಪಾದಾಗ ಮಾನಿಟರಿನ ಪುಟ್ಟ ದೀಪ ಯಾವ ಬಣ್ಣಕ್ಕೆ ತಿರುಗುತ್ತದೆ? ನಮ್ಮ ಆಫೀಸಿನಲ್ಲಿ ಪ್ರೊಜೆಕ್ಟರ್ ತೊಂದರೆ ಬಂದಾಗಲೆಲ್ಲ ನಾನು ಮೊದಲು ನೋಡುವುದು ಅದನ್ನೇ. ದೀಪ ಹಾಗೇ ಇದ್ದರೆ ಪಿಸಿ ಕಪ್ಪು ಬಣ್ಣವನ್ನೇ ಕಳಿಸುತ್ತಿದೆ ಅಂತ. ದೀಪ ಬದಲಾದರೆ ಅದು ಏನನ್ನೂ ಕಳಿಸುತ್ತಿಲ್ಲ, ಅಥವಾ ಕಳಿಸಿದ್ದು ತಲುಪುತ್ತಿಲ್ಲ.

ಎಫ್‌ಪಿಎಸ್_ಭಟ್ಟ
ಶಭಾಷ್! ಈ ಪ್ರಶ್ನೆ ನಾನೇ ಮೊದಲು ಕೇಳಬೇಕಿತ್ತು.

ವಾಕಡ್_ವಾಸಿ
ಈಗ ನೋಡಿ ಬಂದೆ. ಕೆಳಗಿನ ಅಂಚಿನಲ್ಲಿ ಬಿಳಿ ದೀಪ ಇದೆ. ಗೇಮ್ ಓಪನ್ ಮಾಡಿದ ಕೂಡಲೇ ಪರದೆ ಕಪ್ಪಾಗುತ್ತದೆ, ಹಿಂದಿನ ಬೆಳಕೂ ಆರುತ್ತದೆ. ರೂಮಿನ ಲೈಟ್ ಆಫ್ ಮಾಡಿದಾಗ ಅದು ಚೆನ್ನಾಗಿ ಗೊತ್ತಾಯಿತು. ಆಮೇಲೆ ಬಿಳಿ ದೀಪ ಕಿತ್ತಳೆ ಆಗಿ ಮಿಣುಕುತ್ತದೆ. ಒಂದು ಸಲ ಮೂಲೆಯಲ್ಲಿ ‘ನೋ ಸಿಗ್ನಲ್’ ಅಂತಲೂ ಬಂತು. ಆಲ್ಟ್ + ಟ್ಯಾಬ್ ಒತ್ತಿದರೆ ದೀಪ ಮತ್ತೆ ಬಿಳಿ.

ಸುಮ್ನೆ_ಓದುವವಳು
ಹಾಗಾದರೆ ಕೇಬಲ್. ಮನೆ ಬದಲಾಯಿಸಿದ ಮೇಲೆ ಹಳೇ ಕೇಬಲ್ಲನ್ನೇ ಹಾಕಿದ್ದೀರಾ?

ವಾಕಡ್_ವಾಸಿ
ಇಲ್ಲ! ಡಿಸ್‌ಪ್ಲೇಪೋರ್ಟ್ ಕೇಬಲ್ ಇತ್ತು. ಪ್ಯಾಕಿಂಗಿನಲ್ಲಿ ಎಲ್ಲಿ ಹೋಯಿತೋ ಸಿಗಲಿಲ್ಲ. ಹಳೇ ಸೆಟ್‌ಟಾಪ್ ಬಾಕ್ಸಿನ ಎಚ್‌ಡಿಎಂಐ ಕೇಬಲ್ ಹಾಕಿದ್ದೇನೆ. ಆದರೆ ಡೆಸ್ಕ್‌ಟಾಪ್, ಯೂಟ್ಯೂಬ್ ಎಲ್ಲ ಸರಿಯಾಗೇ ಬರುತ್ತದಲ್ಲ? ಕೇಬಲ್ ಹಾಳಾಗಿದ್ದರೆ ಅದೂ ಬರಬಾರದು ಅಲ್ವಾ?

ಎಫ್‌ಪಿಎಸ್_ಭಟ್ಟ
ಅಲ್ಲೇ ಇರುವುದು ಸ್ವಾರಸ್ಯ. ಕೇಬಲ್ ಹಾಳಾಗಿಲ್ಲ, ಅದರ ಶಕ್ತಿ ಅಷ್ಟೇ.

ಎಚ್‌ಡಿಎಂಐಯಲ್ಲಿ ಹೊಸ ಮಾನಿಟರ್ ಹಾಕಿದಾಗ ವಿಂಡೋಸ್ ಬಹಳಷ್ಟು ಸಲ 60 ಹರ್ಟ್ಸ್‌ನಲ್ಲೇ (ಸೆಕೆಂಡಿಗೆ 60 ಚಿತ್ರ) ಕೂರುತ್ತದೆ. 1440ಪಿ, 60 ಹರ್ಟ್ಸ್ ಅಂದರೆ ಹಳೇ ಕೇಬಲ್ ಕೂಡ ಆರಾಮಾಗಿ ಹೊರುತ್ತದೆ. ನಿಮ್ಮ ಜಿಟಿಎ ಮಾತ್ರ ಡಿಸ್‌ಪ್ಲೇಪೋರ್ಟ್ ಇದ್ದ ಕಾಲದ ಸೆಟಿಂಗ್ ನೆನಪಿಟ್ಟುಕೊಂಡಿದೆ. ಫುಲ್‌ಸ್ಕ್ರೀನ್‌ಗೆ ಹೋದ ಕೂಡಲೇ ‘144 ಕೊಡು’ ಅನ್ನುತ್ತದೆ. ಕಾರ್ಡ್ ಕೊಡುತ್ತದೆ. ಮಾನಿಟರ್ ಕೂಡ ತಗೊಳ್ಳಲು ರೆಡಿ. ಮಧ್ಯೆ ಇರುವ ವೈರ್ ಅಷ್ಟು ಡೇಟಾ ಸಾಗಿಸಲಾರದು. ಸಿಗ್ನಲ್ ಹರಿದುಹೋಗುತ್ತದೆ, ಮಾನಿಟರ್ ನಿದ್ದೆಗೆ ಹೋಗುತ್ತದೆ. ಕಿಟಕಿಯಲ್ಲಿ ಓಡಿಸಿದರೆ ಗೇಮ್ ಡೆಸ್ಕ್‌ಟಾಪಿನ 60ರಲ್ಲೇ ಇರುತ್ತದೆ, ಹಾಗಾಗಿ ಕಾಣುತ್ತದೆ. ಮೈನ್‌ಕ್ರಾಫ್ಟ್ ಓಡಿದ್ದೂ ಅದಕ್ಕೇ, ಅದು ಕಿಟಕಿಯಲ್ಲೇ ತೆರೆದುಕೊಳ್ಳುತ್ತದೆ.

ಗೇಮ್ ಮುಟ್ಟದೆಯೇ ಪರೀಕ್ಷೆ ಮಾಡಬಹುದು. ಸೆಟಿಂಗ್ಸ್, ಸಿಸ್ಟಮ್, ಡಿಸ್‌ಪ್ಲೇ, ಅಡ್ವಾನ್ಸ್‌ಡ್ ಡಿಸ್‌ಪ್ಲೇ. ಅಲ್ಲಿ ರಿಫ್ರೆಶ್ ರೇಟ್ 144 ಆರಿಸಿ. ಪರದೆ ಕಪ್ಪಾದರೆ ಹೆದರಬೇಡಿ, ಏನೂ ಒತ್ತಬೇಡಿ. ನೀವು ಒಪ್ಪದಿದ್ದರೆ 15 ಸೆಕೆಂಡಿನಲ್ಲಿ ವಿಂಡೋಸ್ ತಾನೇ ಹಳೇ ಸೆಟಿಂಗಿಗೆ ಮರಳುತ್ತದೆ.

ವಾಕಡ್_ವಾಸಿ
ಮಾಡಿದೆ. ಕಪ್ಪು, ಕಿತ್ತಳೆ ದೀಪ, ಆಮೇಲೆ ವಾಪಸ್ 60. ಗೇಮ್ ಓಪನ್ನೇ ಮಾಡಿರಲಿಲ್ಲ!!

ಗುಂಡ್ಯಾ_ಪಿಂಪ್ರಿ
ಸರಿ ಸರಿ, ಫಾರ್ಮ್ಯಾಟ್ ವಾಪಸ್ ತಗೊಂಡೆ.

ಮಾಟುಂಗಾ_ಮಾಣಿ
ಇದಕ್ಕಾಗಿ ಆ ಪುಣ್ಯಾತ್ಮ ಕಾರ್ಡ್ ಬದಲಾಯಿಸಲು ಹೊರಟಿದ್ದನಾ? ಅದೂ ಹಳೇದು ತನಗೇ ಬೇಕಂತೆ. ಎಲ್ಲೋ ಮಾರಿಕೊಳ್ಳುತ್ತಿದ್ದ.

ಘಾಟಿ_ಇಳಿದವ
ಎಲ್ಲರನ್ನೂ ಕಳ್ಳರು ಅನ್ನುವುದು ಬೇಡ. ಅವರು ನೋಡುವ ರೀತಿಯೇ ಹಾಗೆ. ನಾವು ಅಂಗಡಿಗೆ ಬರೀ ಕ್ಯಾಬಿನೆಟ್ ಹೊತ್ತುಕೊಂಡು ಹೋಗುತ್ತೇವೆ. ಅಲ್ಲಿ ಅವರದೇ ಮಾನಿಟರ್, ಅವರದೇ ಕೇಬಲ್. ಎಲ್ಲ ಸರಿಯಾಗಿ ಓಡುತ್ತದೆ. ಮನೆಗೆ ತಂದರೆ ಮತ್ತೆ ಕಪ್ಪು. ಆಮೇಲೆ ನಿಮ್ಮ ಮನೆ ಕರೆಂಟೇ ಸರಿ ಇಲ್ಲ ಅನ್ನುತ್ತಾರೆ. ಹೋಗುವಾಗ ಕೇಬಲ್ಲನ್ನೂ ತಗೊಂಡು ಹೋಗಿ ಅಂತ ನಾನು ಎಲ್ಲರಿಗೂ ಹೇಳುವುದು.

ಮಾಟುಂಗಾ_ಮಾಣಿ
ಫ್ಯಾನ್ ನೋಡಿ ಕಾರ್ಡ್ ಹೋಗಿದೆ ಅನ್ನುವುದು ಯಾವ ರೀತಿ ಸ್ವಾಮಿ?

ವಾಕಡ್_ವಾಸಿ
ಹೊಸ ಕೇಬಲ್ ತರುವವರೆಗೆ ಗೇಮ್ ಆಡಲು ಏನಾದರೂ ದಾರಿ ಇದೆಯಾ? ಶನಿವಾರದವರೆಗೆ ಇಲ್ಲಿನ ಎಲೆಕ್ಟ್ರಾನಿಕ್ಸ್ ಪೇಟೆ ತಾಪ್ಕೀರ್ ಗಲ್ಲಿಗೆ ಹೋಗಲು ಆಗುವುದಿಲ್ಲ. ಕಪ್ಪು ಪರದೆಯಲ್ಲಿ ಮೆನುಗೆ ಹೋಗುವುದೂ ಆಗುತ್ತಿಲ್ಲ.

ಎಫ್‌ಪಿಎಸ್_ಭಟ್ಟ
ಇದೆ. ಡಾಕ್ಯುಮೆಂಟ್ಸ್ ಒಳಗೆ ರಾಕ್‌ಸ್ಟಾರ್ ಗೇಮ್ಸ್ ಫೋಲ್ಡರ್, ಅದರೊಳಗೆ ಜಿಟಿಎ 5. ಅಲ್ಲಿ ಸೆಟಿಂಗ್ಸ್ ಅನ್ನುವ ಎಕ್ಸ್‌ಎಂಎಲ್ ಫೈಲ್ ಇರುತ್ತದೆ. ಮೊದಲು ಒಂದು ಕಾಪಿ ತೆಗೆದಿಡಿ. ಆಮೇಲೆ ನೋಟ್‌ಪ್ಯಾಡಿನಲ್ಲಿ ತೆರೆದು ಕೆಳಗೆ ಹೋದರೆ ‘ವಿಂಡೋಡ್’ ಅನ್ನುವ ಸಾಲು ಸಿಗುತ್ತದೆ. 0 ಅಂದರೆ ಫುಲ್‌ಸ್ಕ್ರೀನ್, 1 ಅಂದರೆ ಕಿಟಕಿ, 2 ಅಂದರೆ ಅಂಚಿಲ್ಲದ ಕಿಟಕಿ. 2 ಮಾಡಿ ಸೇವ್ ಮಾಡಿ. ಪರದೆ ತುಂಬಾ ಬರುತ್ತದೆ, ಆದರೆ ಡೆಸ್ಕ್‌ಟಾಪಿನ 60ರಲ್ಲೇ. ಅದರ ಹತ್ತಿರವೇ ರಿಫ್ರೆಶ್ ರೇಟ್ ಸಾಲೂ ಇದೆ. ಅಲ್ಲಿ ಏನು ಬರೆದಿದೆ ಅಂತ ನೋಡಿ ಹೇಳಿ, ಕುತೂಹಲ.

ಬೇರೆ ಗೇಮ್‌ಗಳಿಗೂ ಹೀಗೇ ಒಂದು ಸೆಟಿಂಗ್ಸ್ ಫೈಲ್ ಇರುತ್ತದೆ. ಡಾಕ್ಯುಮೆಂಟ್ಸ್ ಒಳಗೋ, ಆ್ಯಪ್‌ಡಾಟಾ ಒಳಗೋ. ಅದರ ಹೆಸರು ಬದಲಾಯಿಸಿದರೆ ಗೇಮ್ ಹೊಸದು ಬರೆದುಕೊಳ್ಳುತ್ತದೆ. ಸ್ಟೀಮ್‌ನಲ್ಲಿ ಗೇಮಿನ ಪ್ರಾಪರ್ಟೀಸ್‌ಗೆ ಹೋಗಿ ಲಾಂಚ್ ಆಪ್ಷನ್ಸ್‌ನಲ್ಲಿ ಒಂದು ಅಡ್ಡಗೆರೆ ಹಾಕಿ ‘ವಿಂಡೋಡ್’ ಅಂತ ಇಂಗ್ಲಿಷಿನಲ್ಲಿ ಬರೆದರೂ ಸುಮಾರು ಗೇಮ್‌ಗಳು ಕೇಳುತ್ತವೆ. ಎಲ್ಲವೂ ಅಲ್ಲ.

ವಾಕಡ್_ವಾಸಿ
ರಿಫ್ರೆಶ್ ರೇಟ್ ಮುಂದೆ 144 ಅಂತ ಇತ್ತು. ವಿಂಡೋಡ್ 2 ಮಾಡಿದೆ. ಬಂತು ಮಾರಾಯ್ರೆ, ಬಂತು! ಗೇಮಿನೊಳಗಿನ ಲಾಸ್ ಸ್ಯಾಂಟೋಸ್ ಊರಿನ ಬಿಸಿಲು ಕಣ್ಣಿಗೆ ಕುಕ್ಕುತ್ತಿದೆ.

ಪೆಂಗ್ವಿನ್_ಪ್ರಿಯ
ಇಷ್ಟೆಲ್ಲ ಒದ್ದಾಟ ಯಾಕೆ? ಲಿನಕ್ಸ್ ಹಾಕಿ. 2018ರಲ್ಲಿ ಪ್ರೋಟಾನ್ ಅನ್ನುವ ಸಾಫ್ಟ್‌ವೇರ್ ಬಂದ ಮೇಲೆ ಅದರಲ್ಲಿ ವಿಂಡೋಸ್ ಗೇಮ್‌ಗಳು ಆರಾಮಾಗಿ ಓಡುತ್ತವೆ.

ಗುಂಡ್ಯಾ_ಪಿಂಪ್ರಿ
ಬಂದರಪ್ಪ ಇವರೂ. ಲಿನಕ್ಸ್ ಹಾಕಿದರೆ ಸೆಟ್‌ಟಾಪ್ ಬಾಕ್ಸ್ ಕೇಬಲ್ ದಪ್ಪ ಆಗುತ್ತದಾ?

ಎಫ್‌ಪಿಎಸ್_ಭಟ್ಟ
😂 ಜೊತೆಗೆ 2024ರ ಸೆಪ್ಟೆಂಬರಿನಲ್ಲಿ ಜಿಟಿಎ ಆನ್‌ಲೈನ್‌ಗೆ ಆಟದ ಮೋಸ ತಡೆಯುವ ಬ್ಯಾಟಲ್‌ಐ ಹಾಕಿದ ಮೇಲೆ ಲಿನಕ್ಸ್‌ನಲ್ಲಿ ಆನ್‌ಲೈನ್ ಆಟ ಬಂದ್ ಆಯಿತು. ವ್ಯಾಲರಂಟ್ ಅಂತೂ ಓಡುವುದೇ ಇಲ್ಲ. ಒಬ್ಬರೇ ಆಡುವ ಗೇಮ್ ಆದರೆ ಪ್ರೋಟಾನ್ ನಿಜವಾಗಲೂ ಚೆನ್ನಾಗಿದೆ, ಒಪ್ಪುತ್ತೇನೆ.

ಪೆಂಗ್ವಿನ್_ಪ್ರಿಯ
ಅದು ಲಿನಕ್ಸ್ ತಪ್ಪಲ್ಲ, ಕಂಪನಿಯವರ ತಪ್ಪು.

ಗುಂಡ್ಯಾ_ಪಿಂಪ್ರಿ
ತಪ್ಪು ಯಾರದ್ದಾದರೂ ಆಡಲು ಆಗುವುದಿಲ್ಲ ತಾನೆ.

ಗ್ರ್ಯಾಂಟ್_ರೋಡ್_ಗಿರಾಕಿ
ಯಾವ ಕೇಬಲ್ ಅಂತ ಹೇಳಿ ಕಳಿಸಿ ಇವರನ್ನು. ಇಲ್ಲದಿದ್ದರೆ ತಾಪ್ಕೀರ್ ಗಲ್ಲಿ ಇರಲಿ, ನಮ್ಮ ಮುಂಬೈಯ ಲ್ಯಾಮಿಂಗ್ಟನ್ ರೋಡ್ ಇರಲಿ, ‘4ಕೆ ಕೇಬಲ್’ ಅಂತ ಏನೋ ಒಂದು ಕೈಗೆ ಕೊಡುತ್ತಾರೆ. ಪ್ಯಾಕೆಟ್ ಮೇಲೆ 4ಕೆ ಅಂತ ಇದ್ದರೆ ಏನೂ ಹೇಳಿದ ಹಾಗಾಗಲಿಲ್ಲ. 4ಕೆ 30 ಹರ್ಟ್ಸ್ ಕೂಡ 4ಕೆಯೇ. ಎಚ್‌ಡಿಎಂಐ 1.4 ಕಾಲದ ಕೇಬಲ್ಲುಗಳಿಗೆ ಸೆಕೆಂಡಿಗೆ 10.2 ಗಿಗಾಬಿಟ್. 2.0ಕ್ಕೆ 18. 2.1ಕ್ಕೆ 48. ಪ್ಯಾಕೆಟ್ ಮೇಲೆ ‘ಹೈ ಸ್ಪೀಡ್’ ಅಂತ ಮಾತ್ರ ಇದ್ದರೆ ಅದು 10.2ರ ಮಾಲು. ‘ಪ್ರೀಮಿಯಂ ಹೈ ಸ್ಪೀಡ್’ ಆದರೆ 18. 1440ಪಿ 144ಕ್ಕೆ ಕನಿಷ್ಠ ಇದು ಬೇಕು.

ವಾಸ್ಕೋ_ಕಡಲು
ಎಚ್‌ಡಿಎಂಐ ಯಾಕೆ, ಡಿಸ್‌ಪ್ಲೇಪೋರ್ಟೇ ತಗೊಳ್ಳಲಿ. ಮಾನಿಟರ್ 165ರದು. ಎಷ್ಟೋ ಮಾನಿಟರುಗಳು ಎಚ್‌ಡಿಎಂಐಯಲ್ಲಿ 144ಕ್ಕೇ ನಿಲ್ಲುತ್ತವೆ, ಪೂರ್ತಿ 165 ಡಿಸ್‌ಪ್ಲೇಪೋರ್ಟಿನಲ್ಲಿ ಮಾತ್ರ.

ಎಫ್‌ಪಿಎಸ್_ಭಟ್ಟ
ಹೌದು, ಡಿಸ್‌ಪ್ಲೇಪೋರ್ಟೇ ಸರಿ. ಒಂದು ಎಚ್ಚರಿಕೆ. ತೀರಾ ಅಗ್ಗದ್ದು ಬೇಡ. ಕೆಲವು ಕೇಬಲ್ಲುಗಳಲ್ಲಿ 20ನೇ ಪಿನ್ನಿಗೂ ವೈರ್ ಜೋಡಿಸಿರುತ್ತಾರೆ. ನಿಯಮದ ಪ್ರಕಾರ ಅದನ್ನು ಜೋಡಿಸಬಾರದು. ಜೋಡಿಸಿದರೆ ಮಾನಿಟರಿನ 3.3 ವೋಲ್ಟ್ ಹಿಂದಕ್ಕೆ ಹರಿದು ಕಾರ್ಡಿಗೆ ಬರುತ್ತದೆ. ಪಿಸಿ ಆಫ್ ಇದ್ದರೂ ಏನೋ ಮಿಣಮಿಣ ಅನ್ನುತ್ತಿರುತ್ತದೆ, ಕೆಲವು ಸಲ ಆನ್ ಆಗಲು ಸತಾಯಿಸುತ್ತದೆ. ಪ್ರಮಾಣಪತ್ರ ಇರುವ ಕೇಬಲ್ ತಗೊಳ್ಳಿ, ಉದ್ದ 2 ಮೀಟರಿನ ಒಳಗೇ ಇರಲಿ.

ಮಾಟುಂಗಾ_ಮಾಣಿ
ಲ್ಯಾಮಿಂಗ್ಟನ್ ರೋಡ್ ಅಂದ ಕೂಡಲೇ ನನ್ನ ಹಳೇ ಗಾಯ ಕೆದಕಿದ ಹಾಗಾಯಿತು. 2022ರ ಕೊನೆಗೆ ಅಲ್ಲಿ ಒಂದು ಸೆಕೆಂಡ್ ಹ್ಯಾಂಡ್ ಆರ್‌ಎಕ್ಸ್ 580 ಕಾರ್ಡ್ ತಗೊಂಡೆ. ಡೆಸ್ಕ್‌ಟಾಪ್ ಸರಿ, ಸಿನಿಮಾ ಸರಿ. ಯಾವ ಗೇಮ್ ಹಾಕಿದರೂ ಕೆಲವೇ ನಿಮಿಷದಲ್ಲಿ ಕಪ್ಪು, ಫ್ಯಾನ್ ಜೋರಾಗಿ ಕೂಗುತ್ತದೆ. ಆಮೇಲೆ ಗೊತ್ತಾಯಿತು, ಕ್ರಿಪ್ಟೋ ನಾಣ್ಯದ ಮೈನಿಂಗ್‌ನಲ್ಲಿ ಬೆಂದ ಕಾರ್ಡ್.

ಗ್ರ್ಯಾಂಟ್_ರೋಡ್_ಗಿರಾಕಿ
ಆ ವರ್ಷ ಸೆಪ್ಟೆಂಬರ್ 15ಕ್ಕೆ ಇಥೀರಿಯಂ ಮೈನಿಂಗ್ ನಿಂತುಹೋಯಿತಲ್ಲ, ರಾಶಿ ರಾಶಿ ಕಾರ್ಡ್ ಮಾರ್ಕೆಟಿಗೆ ಬಂದವು. ಅವುಗಳ ಬಯೋಸ್ (ಕಾರ್ಡಿನೊಳಗಿನ ಮೂಲ ಪ್ರೋಗ್ರಾಂ) ಬದಲಾಯಿಸಿರುತ್ತಾರೆ. ಮೈನಿಂಗ್‌ಗೆ ಅಂತ ಮೆಮೊರಿಯ ಟೈಮಿಂಗ್ ಬಿಗಿ ಮಾಡಿ, ವೋಲ್ಟೇಜ್ ಇಳಿಸಿರುತ್ತಾರೆ. ಗೇಮಿನ ಹೊರೆಗೆ ಅದು ತಡೆಯುವುದಿಲ್ಲ. ಕಾರ್ಡ್ ಪೂರ್ತಿ ಸತ್ತಿಲ್ಲದಿದ್ದರೆ ಮೂಲ ಬಯೋಸ್ ಹಾಕಿ ನೋಡಬಹುದು. ಕೆಲವು 580ಗಳಲ್ಲಿ ಎರಡು ಬಯೋಸ್ ಇರುತ್ತವೆ, ಮೇಲಂಚಿನಲ್ಲಿ ಪುಟ್ಟ ಸ್ವಿಚ್. ಅದನ್ನು ಆಚೆ ತಳ್ಳಿ ನೋಡಿದಿರಾ?

ಮಾಟುಂಗಾ_ಮಾಣಿ
ಸ್ವಿಚ್ಚಾ?? ಎರಡು ವರ್ಷದಿಂದ ಅಟ್ಟದ ಮೇಲೆ ಬಿದ್ದಿದೆ ಅದು. ಇವತ್ತೇ ಇಳಿಸುತ್ತೇನೆ.

ವಾಸ್ಕೋ_ಕಡಲು
ಅಟ್ಟದಲ್ಲಿ ಮಳೆಗಾಲ ಕಳೆದಿದ್ದರೆ ಮೊದಲು ಹಲ್ಲುಗಳನ್ನು ನೋಡಿ. ಇಲ್ಲಿ ಗೋವಾದಲ್ಲಿ ಉಪ್ಪು ಗಾಳಿಗೆ ಒಂದು ಮಳೆಗಾಲದಲ್ಲೇ ಹಸಿರು ಪಾಚಿ ಬಂದ ಹಾಗೆ ಆಗುತ್ತದೆ. ಐಸೊಪ್ರೊಪೈಲ್ ಆಲ್ಕೋಹಾಲ್‌ನಲ್ಲಿ ಒರೆಸಿ, ಪೂರ್ತಿ ಒಣಗಿಸಿ, ಆಮೇಲೆ ಹಾಕಿ. ನಮ್ಮ ಮನೆಯಲ್ಲಿ ಜೂನ್ ಬಂತು ಅಂದರೆ ಪಿಸಿ ದಿನಾ ಸ್ವಲ್ಪ ಹೊತ್ತು ಆನ್ ಇರಲೇಬೇಕು ಅಂತ ನಿಯಮ. ಒಳಗೆ ಬೆಚ್ಚಗಿದ್ದರೆ ತೇವ ಕೂರುವುದಿಲ್ಲ. ಅಪ್ಪನಿಗೆ ಈ ಕಾರಣ ಹೇಳಿಯೇ ನಾನು ದಿನಾ ಆಡುವುದು.

ಸುಮ್ನೆ_ಓದುವವಳು
ಈಗ ನನ್ನ ಪ್ರಶ್ನೆ. ನನ್ನ ಗಂಡನಿಗೆ ಕ್ರಿಕೆಟ್ 07 ಅನ್ನುವ ಹಳೇ ಗೇಮಿನ ಹುಚ್ಚು. ಹೊಸ ಲ್ಯಾಪ್‌ಟಾಪಿನಲ್ಲಿ ಹಾಕಿದರೆ ಶುರುವಾಗುತ್ತದೆ, ಕಪ್ಪು ಪರದೆ ಬರುತ್ತದೆ, ಸ್ವಲ್ಪ ಶಬ್ದ ಬಂದು ನಿಲ್ಲುತ್ತದೆ. ಇಲ್ಲಿ ದೀಪ ಗೀಪ ಏನಿಲ್ಲ, ಪರದೆಯ ಹಿಂದಿನ ಬೆಳಕು ಉರಿಯುತ್ತಲೇ ಇರುತ್ತದೆ. ಅಂದರೆ ಕೇಬಲ್ ಕಥೆ ಅಲ್ಲ, ಅದು ಕಪ್ಪನ್ನೇ ತೋರಿಸುತ್ತಿದೆ. ಏನಿದು?

ಗುಂಡ್ಯಾ_ಪಿಂಪ್ರಿ
ಆಹಾ ಕ್ರಿಕೆಟ್ 07! ಬೆಳಗಾವಿಯ ಸೈಬರ್ ಕೆಫೆಯಲ್ಲಿ ಗಂಟೆ ಲೆಕ್ಕದಲ್ಲಿ ದುಡ್ಡು ಸುರಿದದ್ದು ಅದಕ್ಕೇ. ರಿಚಿ ಬೆನೊ ಕಾಮೆಂಟರಿ! ಭಾರತದ ಆಟಗಾರರ ಹೆಸರೆಲ್ಲ ತಿರುಚಿ ಹಾಕಿದ್ದರು, ಪ್ಯಾಚ್ ಹಾಕಿ ಸರಿಮಾಡಿಕೊಳ್ಳುತ್ತಿದ್ದೆವು. ಕಪ್ಪು ಪರದೆಗೆ ನನ್ನ ಹತ್ತಿರ ಉತ್ತರ ಇಲ್ಲ, ನೆನಪು ಮಾತ್ರ ಇದೆ.

ಘಾಟಿ_ಇಳಿದವ
ಆ ಕಾಲದ ಡಿಸ್ಕ್ ಗೇಮ್‌ಗಳಿಗೆ ಇನ್ನೊಂದು ಶಾಪ ಇದೆ. ಕಾಪಿ ತಡೆಯಲು ಸೇಫ್‌ಡಿಸ್ಕ್ ಅಂತ ಹಾಕುತ್ತಿದ್ದರು. 2015ರಲ್ಲಿ ವಿಂಡೋಸ್ 10 ಬಂದಾಗ ಭದ್ರತೆಯ ಕಾರಣಕ್ಕೆ ಅದರ ಡ್ರೈವರನ್ನೇ ಕಿತ್ತುಹಾಕಿದರು. ಅಂಥ ಡಿಸ್ಕುಗಳನ್ನು ಹಾಗೇ ಹಾಕಿದರೆ ಓಡುವುದಿಲ್ಲ.

ಎಫ್‌ಪಿಎಸ್_ಭಟ್ಟ
ಸೇಫ್‌ಡಿಸ್ಕ್ ತೊಂದರೆಯಾದರೆ ಗೇಮ್ ಶುರುವೇ ಆಗುವುದಿಲ್ಲ. ಇವರದ್ದು ಶಬ್ದದವರೆಗೆ ಬಂದಿದೆ. ಡೈರೆಕ್ಟ್ಎಕ್ಸ್ 9ರ ಹಳೇ ಫೈಲ್ ಇಲ್ಲದಿದ್ದರೆ ಡಿ3ಡಿಎಕ್ಸ್9 ಅಂತ ಶುರುವಾಗುವ ಹೆಸರು ಹೇಳಿ ಎರರ್ ಕೊಡುತ್ತದೆ, ಅದಕ್ಕೆ ಮೈಕ್ರೋಸಾಫ್ಟ್‌ನ 2010ರ ಜೂನ್ ಪ್ಯಾಕೇಜ್ ಹಾಕಿದರೆ ಸಾಕು. ಅದೂ ಅಲ್ಲ ಇದು.

ನನ್ನ ಅನುಮಾನ ಆರಂಭದ ವೀಡಿಯೋ ಮೇಲೆ. ಹಳೇ ಗೇಮ್‌ಗಳಲ್ಲಿ ಕಂಪನಿ ಲೋಗೋಗಳ ವೀಡಿಯೋ ಓಡಿಸುವಾಗಲೇ ಸಿಕ್ಕಿಹಾಕಿಕೊಳ್ಳುವುದು ಜಾಸ್ತಿ. ಕಪ್ಪಾದಾಗ ಸುಮ್ನೆ ಕಾಯಬೇಡಿ. ಎಸ್ಕೇಪ್, ಎಂಟರ್, ಸ್ಪೇಸ್, ಒಂದಾದ ಮೇಲೊಂದು ಒತ್ತಿ. ಮೆನು ಬಂದರೆ ಅದೇ ಅಂತ ಅರ್ಥ. ಆಗ ಗೇಮ್ ಫೋಲ್ಡರಿನಲ್ಲಿ ಆ ವೀಡಿಯೋ ಫೈಲಿನ ಹೆಸರು ಬದಲಾಯಿಸಿಬಿಡಿ. ಬರದಿದ್ದರೆ ಗೇಮ್ ಫೈಲಿನ ಪ್ರಾಪರ್ಟೀಸ್, ಕಂಪ್ಯಾಟಿಬಿಲಿಟಿ ಅಂತ ಹೋಗಿ ‘ಫುಲ್‌ಸ್ಕ್ರೀನ್ ಆಪ್ಟಿಮೈಸೇಶನ್ಸ್’ ಡಿಸೇಬಲ್ ಮಾಡಿ. ಲ್ಯಾಪ್‌ಟಾಪಿನಲ್ಲಿ ಅಕ್ಷರದ ಅಳತೆ 125, 150 ಅಂತ ಇದ್ದರೆ ಅಲ್ಲೇ ಹೈ ಡಿಪಿಐ ಆಯ್ಕೆಯನ್ನೂ ‘ಅಪ್ಲಿಕೇಶನ್’ಗೆ ಬಿಡಿ. ಅದಕ್ಕೂ ಬಗ್ಗದಿದ್ದರೆ ಹಳೇ ಗೇಮ್‌ಗಳನ್ನು ಹೊಸ ವಿಂಡೋಸ್‌ಗೆ ಹೊಂದಿಸುವ ಡಿಜಿವೂಡೂ 2 ಹಾಕಿ.

ಸುಮ್ನೆ_ಓದುವವಳು
ಎಸ್ಕೇಪ್ ಒತ್ತಿದ ಕೂಡಲೇ ಮೆನು ಬಂತು. ಇವರು ಈಗಾಗಲೇ ಟಾಸ್ ಹಾಕುತ್ತಿದ್ದಾರೆ. ಅಡುಗೆ ಇವತ್ತು ನನ್ನ ಪಾಲಿಗೇ ಬಂತು, ಭಟ್ಟರೇ ಧನ್ಯವಾದ!

ಗುಂಡ್ಯಾ_ಪಿಂಪ್ರಿ
ಇಬ್ಬರಿಗೆ ಆಯಿತು, ನನಗೂ ಒಂದು ಹೇಳಿ. ಡ್ರೈವರ್ ಅಪ್‌ಡೇಟ್ ಮಾಡಿದ ಮೇಲೆ ನನ್ನ ಗೇಮ್ ಬಹಳ ಹೊತ್ತು ಕಪ್ಪಾಗಿರುತ್ತದೆ, ಆಮೇಲೆ ತಾನೇ ಸರಿಹೋಗುತ್ತದೆ. ಎರಡನೇ ಸಲ ಬೇಗ ಬರುತ್ತದೆ.

ಎಫ್‌ಪಿಎಸ್_ಭಟ್ಟ
ಶೇಡರ್, ಅಂದರೆ ಬೆಳಕು, ಬಣ್ಣ ಬಿಡಿಸುವ ಪುಟ್ಟ ಪ್ರೋಗ್ರಾಂಗಳು. ಹೊಸ ಡ್ರೈವರ್ ಬಂದರೆ ಹಳೇ ಶೇಡರ್ ಸಂಗ್ರಹ ಕೆಲಸಕ್ಕೆ ಬರುವುದಿಲ್ಲ, ಮತ್ತೆ ಎಲ್ಲ ತಯಾರಾಗಬೇಕು. ಕೆಲವು ಗೇಮ್ ಎಷ್ಟಾಯಿತು ಅನ್ನುವ ಪಟ್ಟಿ ತೋರಿಸುತ್ತವೆ, ಕೆಲವು ಬರೀ ಕಪ್ಪು ತೋರಿಸಿ ಸುಮ್ಮನಿರುತ್ತವೆ. ಟಾಸ್ಕ್ ಮ್ಯಾನೇಜರಿನಲ್ಲಿ ಪ್ರೊಸೆಸರ್ ಜೋರಾಗಿ ದುಡಿಯುತ್ತಿದ್ದರೆ ಕಾಯಿರಿ, ಮಧ್ಯದಲ್ಲಿ ಕಿತ್ತುಹಾಕಬೇಡಿ. ಗೇಮ್ ಎಸ್‌ಎಸ್‌ಡಿಯಲ್ಲಿ ಇದೆಯಾ?

ಗುಂಡ್ಯಾ_ಪಿಂಪ್ರಿ
ಹಾರ್ಡ್ ಡಿಸ್ಕ್.

ಎಫ್‌ಪಿಎಸ್_ಭಟ್ಟ
ಮತ್ತೆ ಇನ್ನೇನು ಹೇಳಲಿ.

ವಾಕಡ್_ವಾಸಿ
ತಾಪ್ಕೀರ್ ಗಲ್ಲಿಯಿಂದ ಬಂದೆ. ಮೊದಲ ಅಂಗಡಿಯವನು ‘4ಕೆ ಆಹೆ, ಸಗಳಂ ಚಾಲತಂ’ (4ಕೆ ಇದೆ, ಎಲ್ಲ ಓಡುತ್ತದೆ) ಅಂದ. ಎಷ್ಟು ಗಿಗಾಬಿಟ್ ಅಂತ ಕೇಳಿದೆ, ಮುಖ ನೋಡಿದ. ಎರಡನೇ ಅಂಗಡಿಯಲ್ಲಿ ಡಿಸ್‌ಪ್ಲೇಪೋರ್ಟ್ 1.4, ಒಂದೂವರೆ ಮೀಟರ್, ಪ್ರಮಾಣಪತ್ರದ ಗುರುತು ಇರುವುದೇ ಸಿಕ್ಕಿತು. ವಿಂಡೋಸ್‌ನಲ್ಲಿ 165 ಕೊಟ್ಟೆ, ದೀಪ ಬಿಳಿಯಾಗೇ ಇದೆ. ಜಿಟಿಎ ಸೆಟಿಂಗ್ಸ್ ಫೈಲಿನಲ್ಲಿ ವಿಂಡೋಡ್ ಮತ್ತೆ 0 ಮಾಡಿದೆ, ಫುಲ್‌ಸ್ಕ್ರೀನ್ ಓಡುತ್ತಿದೆ. ರಿಪೇರಿಯವನು ಬೆಳಿಗ್ಗೆ ಫೋನ್ ಮಾಡಿ ಕಾರ್ಡ್ ಯಾವಾಗ ಕೊಡುತ್ತೀರಿ ಅಂತ ಕೇಳಿದ.

ಮಾಟುಂಗಾ_ಮಾಣಿ
ಏನಂದಿರಿ?

ವಾಕಡ್_ವಾಸಿ
ಸೆಟ್‌ಟಾಪ್ ಬಾಕ್ಸ್ ಕೇಬಲ್ ಬೇಕಾದರೆ ಕೊಡುತ್ತೇನೆ ಅಂದೆ.

ಮಾಟುಂಗಾ_ಮಾಣಿ
😂😂 ಅಂದ ಹಾಗೆ 580 ಇಳಿಸಿದೆ. ಸ್ವಿಚ್ ನಿಜವಾಗಲೂ ಇದೆ! ಆಚೆ ತಳ್ಳಿ ಹಾಕಿದೆ, ಇಷ್ಟು ಹೊತ್ತು ಗೇಮ್ ಬಿದ್ದಿಲ್ಲ. ಒಂದು ಫ್ಯಾನ್ ಮಾತ್ರ ಕಿರ್ ಅನ್ನುತ್ತಿದೆ. ಆ ಫ್ಯಾನ್ ಬಿಡಿಯಾಗಿ ಸಿಗುತ್ತದಾ ಗ್ರ್ಯಾಂಟ್ ರೋಡಿನಲ್ಲಿ?

ಗ್ರ್ಯಾಂಟ್_ರೋಡ್_ಗಿರಾಕಿ
ಸಿಗುತ್ತದೆ. ಫ್ಯಾನಿನ ನಡುವಿನ ಸ್ಟಿಕ್ಕರ್ ಮೇಲಿರುವ ನಂಬರ್ ಫೋಟೋ ತೆಗೆದುಕೊಂಡು ಹೋಗಿ. ಭಾನುವಾರ ಬೇಡ, ಬಹಳಷ್ಟು ಅಂಗಡಿ ಮುಚ್ಚಿರುತ್ತವೆ.